ಕಾರು ಬಿಟ್ಟು ತೋಟಕ್ಕೆ ಬಂದ ರೇಡಿಯೊ

ತಿಪಟೂರಿನ ಬಿ.ಎಚ್. ರಸ್ತೆಯ ಬದಿಯಲ್ಲಿ ಒಂದು ಗುಜರಿ ಅಂಗಡಿ. ಅಲ್ಲೊಂದು ಹಳೇ ಮಾರುತಿ ವ್ಯಾನನ್ನು ಬಿಚ್ಚಿ ಹರವಿದ್ದರು. ಬಾಗಿಲುಗಳು ಗೋಡೆಗೆ ಒರಗಿದ್ದವು. ಸೀಟುಗಳು ಬೇವಿನ ಮರದ ಕೆಳಗೆ ಸೇರಿ ಬಂದವರಿಗೆ ಕೂರಲು ಆಗಿದ್ದವು. ತಾಮ್ರ ಒಂದು ಗುಡ್ಡೆ, ಅಲ್ಯೂಮಿನಿಯಂ ಒಂದು ಗುಡ್ಡೆ. ಡ್ಯಾಶ್‌ಬೋರ್ಡಿನಿಂದ ಕಿತ್ತ ರೇಡಿಯೊ ಮಾತ್ರ ಯಾವ ಗುಡ್ಡೆಗೂ ಸೇರದೆ ತಕ್ಕಡಿಯ ಪಕ್ಕ ಅಂಗಾತ ಬಿದ್ದಿತ್ತು. ಎತ್ತಿಕೊಂಡು ಧೂಳು ಒರೆಸಿದೆ. ಒಂದು ಗುಂಡಿಯ ಮೇಲೆ ‘ಎಂ.ಡಬ್ಲ್ಯು.’ ಎಂದು ಅರ್ಧ ಅಳಿಸಿದ ಅಕ್ಷರ.

“ಅದ್ರಲ್ಲೇನೈತಣ್ಣ, ಬರೀ ತಗಡು. ಕಬ್ಬಿಣದ ರೇಟಿಗೇ ಹಾಕ್ಕೊಡ್ತೀನಿ, ತಗೊಂಡೋಗು” ಅಂದರು ಅಂಗಡಿಯವರು.

ಒಂದು ಕಿಲೋ ಮೇಲೆ ಚೂರು ತೂಗಿತು. ತೆಂಗಿನ ಸೋಗೆಯನ್ನು ಚಪ್ಪರಕ್ಕೆ, ಕಡ್ಡಿಯನ್ನು ಪೊರಕೆಗೆ, ಚಿಪ್ಪನ್ನು ಇದ್ದಿಲಿಗೆ, ಮಟ್ಟೆಯನ್ನು ನಾರಿಗೆ, ನಾರು ತೆಗೆದ ಮೇಲೆ ಉಳಿದ ಪುಡಿಯನ್ನೂ ನರ್ಸರಿಗೆ ಮಾರುವ ಸೀಮೆ ನಮ್ಮದು. ಅಂಥ ಊರಿನಲ್ಲಿ ನೂರು ಮೈಲಿ ಆಚೆಯ ಮಾತನ್ನು ಹಿಡಿದು ತರಬಲ್ಲ ಒಂದು ಯಂತ್ರವನ್ನು ಕಬ್ಬಿಣದ ಲೆಕ್ಕದಲ್ಲಿ ತೂಗುವುದು ನನಗೆ ಸಂಕಟದ ಸಂಗತಿ. ಆ ಸಂಕಟವೇ ಈ ಬರಹಕ್ಕೆ ಕಾರಣ.

ಕೊಂಡದ್ದು ಹಳೆಯ ವಸ್ತುಗಳ ಮೋಹಕ್ಕಲ್ಲ, ಕೆಲಸಕ್ಕೆ. ತುರುವೇಕೆರೆ ಮತ್ತು ಚಿಕ್ಕನಾಯಕನಹಳ್ಳಿಯ ದಾರಿಗಳು ಬಿ.ಎಚ್. ರಸ್ತೆಯನ್ನು ಕೂಡುವ ಕೆ.ಬಿ. ಕ್ರಾಸಿನಿಂದ ಸ್ವಲ್ಪ ಒಳಗೆ ನಮ್ಮ ತೋಟ. ಪಂಪ್‌ಸೆಟ್ಟಿಗೆ ದಿನಕ್ಕೆ ಏಳು ಗಂಟೆ ತ್ರೀ ಫೇಸ್ ಕರೆಂಟು, ಅದೂ ಪಾಳಿಯ ಮೇಲೆ. ರಾತ್ರಿ ಪಾಳಿ ಬಂದ ವಾರ ಮೋಟರ್ ಮನೆಯಲ್ಲೇ ಮಲಗಬೇಕು. ಹನಿ ನೀರಾವರಿಯ ಗೇಟ್‌ವಾಲ್ವ್ ಬದಲಾಯಿಸಬೇಕು, ಹೊಸದಾಗಿ ನೆಟ್ಟ ಸಸಿಗಳ ಬುಡ ಅಗೆಯಲು ಬರುವ ಹಂದಿಗಳನ್ನು ಓಡಿಸಬೇಕು. ಚಿಕ್ಕನಾಯಕನಹಳ್ಳಿ, ಶಿರಾ ಕಡೆಯ ಬುಕ್ಕಾಪಟ್ಟಣದ ಕಾಡು 2019ರಲ್ಲಿ ಚಿಂಕಾರ ವನ್ಯಧಾಮವಾಯಿತು. ಆ ಕಾಡಿನ ಅಂಚಿನ ಊರುಗಳಲ್ಲಂತೂ ಕರಡಿ, ಚಿರತೆಯ ಮಾತಿಲ್ಲದ ಇರುಳಿಲ್ಲ. ಹೊಲದಲ್ಲಿ ರಾತ್ರಿಯಿಡೀ ರೇಡಿಯೊ ಹಚ್ಚಿಡುವುದು ಹಳೆಯ ಉಪಾಯ. ಹಾಡಿಗಿಂತ ಮಾತು ವಾಸಿ, ಮನುಷ್ಯರ ದನಿಗೆ ಹಂದಿ ಹಿಂಜರಿಯುತ್ತದೆ ಎನ್ನುವುದು ನಮ್ಮ ಕಡೆಯವರ ಅನುಭವ. ಆದರೆ ಒಂದೇ ಜಾಗದಲ್ಲಿ ನಾಲ್ಕು ದಿನ ಇಟ್ಟರೆ ಐದನೆಯ ದಿನ ಅದಕ್ಕೂ ಅಭ್ಯಾಸವಾಗಿ ಪಕ್ಕದಲ್ಲೇ ಅಗೆದು ಹೋಗುತ್ತವೆ. ಇವತ್ತು ಬೇಲಿಯ ಮೂಲೆ, ನಾಳೆ ಬದುವಿನ ಮೇಲೆ, ನಾಡಿದ್ದು ಅಡಿಕೆ ಸಾಲಿನ ನಡುವೆ ಎಂದು ಎತ್ತಿ ಇಡಲು ಬರಬೇಕು. ಒಂದು ಎಕರೆಗೆ ಕೇಳುವಷ್ಟು ದನಿ ಇರಬೇಕು, ಕರೆಂಟಿಲ್ಲದೆ ನಡೆಯಬೇಕು.

ಮೊಬೈಲ್ ಇದೆಯಲ್ಲ ಎಂದು ಮನೆಯ ಹುಡುಗರು ಕೇಳಿದರು. ತೋಟದ ಒಳಗೆ ಸಿಗ್ನಲ್ಲು ಗಾಳಿ ಬೀಸಿದಂತೆ ಬಂದು ಹೋಗುತ್ತದೆ. ಇಡೀ ರಾತ್ರಿ ಹಚ್ಚಿಟ್ಟರೆ ಬೆಳಗ್ಗೆ ತುರ್ತಿಗೆ ಒಂದು ಕರೆ ಮಾಡಲೂ ಚಾರ್ಜ್ ಉಳಿಯದು. ಮೇಲಾಗಿ ಅದರ ದನಿ ಕೈಯಳತೆಯದು. ಕೊಬ್ಬರಿ ಶೆಡ್ಡಿನಲ್ಲಿ ಎಂಟು ಹತ್ತು ಮಂದಿ ಕೂತು ಕಾಯಿ ಸುಲಿಯುವಾಗ ಎಲ್ಲರಿಗೂ ಕೇಳುವ ದನಿ ಬೇರೆಯೇ. ಅದಕ್ಕೆ ದೊಡ್ಡ ಸ್ಪೀಕರ್ ಬೇಕು, ಆ ಸ್ಪೀಕರನ್ನು ನಡೆಸುವ ಶಕ್ತಿ ಬೇಕು. ಕಾರಿನ ರೇಡಿಯೊದಲ್ಲಿ ಅದು ಮೊದಲಿಂದಲೂ ಇದೆ.

ಕಾರಿನ ರೇಡಿಯೊ ಹುಟ್ಟಿದ್ದೇ ಕಷ್ಟದ ಜಾಗಕ್ಕೆ. 1930ರಲ್ಲಿ ಅಮೆರಿಕದಲ್ಲಿ ಪಾಲ್ ಗಾಲ್ವಿನ್ ಅವರ ಕಂಪನಿ ಮಾರಾಟಕ್ಕೆ ತಂದ ಕಾರು ರೇಡಿಯೊಗೆ ಇಟ್ಟ ಹೆಸರು ಮೋಟೊರೋಲ. ಮೋಟಾರು ಎಂಬುದು ಹೆಸರಿನಲ್ಲೇ ಇದೆ. ಆಗಿನವು ವಾಲ್ವ್ ಸೆಟ್ಟುಗಳು. ವಾಲ್ವಿಗೆ ಇನ್ನೂರು ವೋಲ್ಟ್ ಆಸುಪಾಸಿನ ಕರೆಂಟು ಬೇಕು, ಕಾರಿನ ಬ್ಯಾಟರಿಯಲ್ಲಿದ್ದದ್ದು ಆಗ ಆರೇ ವೋಲ್ಟ್. ಒಳಗೆ ವೈಬ್ರೇಟರ್ ಎಂಬ ಒಂದು ಭಾಗ ಜೇನುಹುಳದ ಹಾಗೆ ಗುಂಯ್‌ಗುಟ್ಟುತ್ತ ಆ ಕರೆಂಟನ್ನು ಕಡಿದು ಕಡಿದು ಟ್ರಾನ್ಸ್‌ಫಾರ್ಮರಿಗೆ ಕೊಟ್ಟು ವೋಲ್ಟೇಜು ಏರಿಸುತ್ತಿತ್ತು. 1955ರಲ್ಲಿ ಫಿಲ್ಕೊ ಕಂಪನಿ ಕ್ರೈಸ್ಲರ್ ಕಾರುಗಳಿಗೆ ಪೂರ್ತಿ ಟ್ರಾನ್ಸಿಸ್ಟರಿನ ಸೆಟ್ಟು ಕೊಟ್ಟ ಮೇಲೆ ಈ ತಾಪತ್ರಯ ತಪ್ಪಿತು. ಬ್ಯಾಟರಿಯಿಂದ ನೇರ ನಡೆಯುವ ರೇಡಿಯೊ ಕಾರಿಗೆ ಬಂದದ್ದು ಆಮೇಲೆ.

ಕುಲುಕಾಟ, ಬಿಸಿಲಲ್ಲಿ ನಿಂತ ಕಾರಿನ ಕಾವು, ಧೂಳು, ತಿರುವಿಗೊಂದು ಸಲ ಏರಿಳಿಯುವ ಸಿಗ್ನಲ್ಲು, ಇಂಜಿನ್ನಿನ ಕಿರಿಕಿರಿ ಎಲ್ಲವನ್ನೂ ತಾಳಿಕೊಳ್ಳಬೇಕಿತ್ತು. ಮನೆಯ ರೇಡಿಯೊದಲ್ಲಿ ಸ್ಟೇಷನ್ ಹುಡುಕಲು ಗ್ಯಾಂಗ್ ಕಂಡೆನ್ಸರಿನ ತೆಳು ತಗಡಿನ ರೆಕ್ಕೆಗಳು ತಿರುಗುತ್ತವೆ. ಕುಲುಕಿದರೆ ಅವು ನಡುಗಿ ಸ್ಟೇಷನ್ ಜಾರುತ್ತದೆ. ಕಾರಿನ ಹಳೆಯ ಸೆಟ್ಟುಗಳಲ್ಲಿ ಅದರ ಬದಲು ಕಾಯಿಲ್ ಒಳಗೆ ಒಂದು ಫೆರೈಟ್ ಕಡ್ಡಿ ಒಳಹೊರಗೆ ಸರಿಯುತ್ತದೆ. ಒರಳಿನೊಳಗೆ ಒನಕೆ ಆಡಿದ ಹಾಗೆ. ಐದು ಗುಂಡಿಗಳಲ್ಲಿ ಯಾವುದನ್ನು ಒತ್ತಿದರೂ ಆ ಕಡ್ಡಿಗಳು ತಮ್ಮ ಗೊತ್ತಾದ ಜಾಗಕ್ಕೆ ಟಕ್ಕೆಂದು ಹೋಗಿ ನಿಲ್ಲುತ್ತವೆ. ನೆನಪಿಟ್ಟುಕೊಳ್ಳಲು ಕರೆಂಟೇ ಬೇಡ. ಅಂಥ ಸೆಟ್ಟು ಕೈಗೆ ಸಿಕ್ಕರೆ ಬಿಡಬೇಡಿ.

ನಾನು ಹುಡುಗನಾಗಿದ್ದಾಗ ಊರಲ್ಲಿ ರೇಡಿಯೊ ಇದ್ದ ಕಾರು ಒಂದೇ, ಕೊಬ್ಬರಿ ಮಂಡಿಯ ಸಾಹುಕಾರರೊಬ್ಬರ ಅಂಬಾಸಡರ್. 1984ರ ಅಕ್ಟೋಬರ್ 31ರ ಸಂಜೆ, ಇಂದಿರಾ ಗಾಂಧಿಯವರು ತೀರಿಕೊಂಡ ದಿನ, ಆ ಕಾರಿನ ನಾಲ್ಕೂ ಬಾಗಿಲು ತೆರೆದಿಟ್ಟು ವಾರ್ತೆ ಹಚ್ಚಿದ್ದರು. ಮಂಡಿಯ ಮುಂದೆ ಹಮಾಲರು, ಗಾಡಿಯವರು, ಲೆಕ್ಕ ಬರೆಯುವವರು ಎಲ್ಲ ತಲೆಬಗ್ಗಿಸಿ ನಿಂತಿದ್ದರು. ಊರು ಕತ್ತಲಾಗಿತ್ತು, ಆ ಕಾರಿನ ಡಯಲಿನ ಹಳದಿ ಬೆಳಕೊಂದೇ ಕಾಣುತ್ತಿತ್ತು. ಕಾರಿನ ರೇಡಿಯೊ ಊರಿಗೆಲ್ಲ ಆಗಬಹುದು ಎಂದು ನನಗೆ ತಿಳಿದದ್ದು ಅವತ್ತು.

ಅಂದು ನಾವು ಕೇಳಿದ್ದು ಮೀಡಿಯಂ ವೇವಿನಲ್ಲಿ; ಗುಂಡಿಯ ಮೇಲಿನ ‘ಎಂ.ಡಬ್ಲ್ಯು.’ ಅದೇ. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಈ ಮೂರು ತಾಲ್ಲೂಕಿಗೆ ಮೀಡಿಯಂ ವೇವ್ ಯಾಕೆ ಮುಖ್ಯ ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಎಫ್.ಎಂ. ಅಲೆ ಕಣ್ಣಿನ ನೋಟದ ಹಾಗೆ, ನೇರ ಹೋಗುತ್ತದೆ. ಸಾಮಾನ್ಯವಾಗಿ 60–70 ಕಿ.ಮೀ. ದಾಟುವಷ್ಟರಲ್ಲಿ ನೆಲದ ಬಾಗು, ಗುಡ್ಡಗಳು ಅದನ್ನು ಮರೆಮಾಡುತ್ತವೆ. ತಿಪಟೂರು ಬೆಂಗಳೂರಿನಿಂದ ರಸ್ತೆಯ ಲೆಕ್ಕದಲ್ಲಿ ಸುಮಾರು 140 ಕಿ.ಮೀ. ಅಲ್ಲಿನ ಎಫ್.ಎಂ. ಇಲ್ಲಿಗೆ ಬರುವಷ್ಟರಲ್ಲಿ ಬಸವಳಿದಿರುತ್ತದೆ. ಹಾಸನದ 102.2 ಅರಸೀಕೆರೆ ಕಡೆಯ ಎತ್ತರದ ತೋಟಗಳಿಗೆ ಸಿಗುತ್ತದೆ, ತಗ್ಗಿನಲ್ಲಿ ಕೈಕೊಡುತ್ತದೆ. ಮೀಡಿಯಂ ವೇವ್ ಹಾಗಲ್ಲ. ಬೆಂಗಳೂರು ಆಕಾಶವಾಣಿಯ 612 ಕಿಲೋಹರ್ಟ್ಸಿನ ಒಂದೊಂದು ಅಲೆ 490 ಮೀಟರ್ ಉದ್ದ. ಅದು ನೆಲವನ್ನು ತಬ್ಬಿಕೊಂಡೇ ಬರುತ್ತದೆ. ದಿಣ್ಣೆ ಹತ್ತಿ ಇಳಿದು ತೋಟದ ಒಳಗೂ ನುಗ್ಗುತ್ತದೆ. ಕತ್ತಲಾದ ಮೇಲೆ ಆಕಾಶದ ಮೇಲ್ಪದರಕ್ಕೆ ಬಡಿದು ಮರಳಿ ಬರುವ ದೂರದ ಸ್ಟೇಷನ್ನುಗಳೂ ಸೇರುತ್ತವೆ. ಧಾರವಾಡದ 765 ನಮ್ಮ ಕಡೆ ರಾತ್ರಿಯ ನೆಂಟ. ಭದ್ರಾವತಿಯ 675ನ್ನೂ, ಕಡಲಾಚೆಯ ಸಿಲೋನನ್ನೂ ನಮ್ಮ ಹಿರಿಯರು ಹೀಗೇ ಕೇಳುತ್ತಿದ್ದರು.

‘ಆಕಾಶವಾಣಿ’ ಎಂಬ ಹೆಸರು ಹುಟ್ಟಿದ್ದು ನಮ್ಮ ನೆಲದಲ್ಲೇ. ಮೈಸೂರಿನ ಮನಶ್ಶಾಸ್ತ್ರದ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿಯವರು 1935ರ ಸೆಪ್ಟೆಂಬರ್ 10ರಂದು ತಮ್ಮ ಮನೆ ‘ವಿಠಲ ವಿಹಾರ’ದಿಂದ 30 ವ್ಯಾಟಿನ ಪುಟ್ಟ ಟ್ರಾನ್ಸ್‌ಮಿಟರಿನಲ್ಲಿ ಪ್ರಸಾರ ಶುರು ಮಾಡಿದರು. ಇಂದು ಒಂದು ಎಲ್‌ಇಡಿ ಬಲ್ಬು ತಿನ್ನುವುದರ ಮೂರು ನಾಲ್ಕು ಪಟ್ಟಷ್ಟೇ ಶಕ್ತಿಯಲ್ಲಿ ಒಬ್ಬ ಮೇಷ್ಟ್ರು ಊರಿಗೆಲ್ಲ ಮಾತು ಹಂಚಿದರು ಎಂಬುದನ್ನು ನೆನೆದಾಗ, ಗುಜರಿಗೆ ಬಿದ್ದ ಸೆಟ್ಟನ್ನು ಎತ್ತಿಕೊಳ್ಳುವುದು ನನಗೆ ಮರ್ಯಾದೆಯ ಕೆಲಸವಾಗಿ ಕಾಣುತ್ತದೆ. ನುಸಿ ಪೀಡೆ ಬಂದು ಕಾಯಿ ಸುಕ್ಕಾದ ಕಾಲದಲ್ಲಿ ಬೇರಿಗೆ ಔಷಧ ಕೊಡುವ ಕ್ರಮವನ್ನು ನಮ್ಮ ಎಷ್ಟೋ ಮನೆಗಳು ಕೇಳಿ ತಿಳಿದದ್ದು ಆಕಾಶವಾಣಿಯ ಸಂಜೆಯ ಕೃಷಿ ಕಾರ್ಯಕ್ರಮದಿಂದಲೇ.

ಇನ್ನು ಕೆಲಸದ ಮಾತು. ಕಾರಿನಿಂದ ಕಿತ್ತ ರೇಡಿಯೊ ಅರ್ಧ ರೇಡಿಯೊ. ಇನ್ನರ್ಧ ಕಾರೇ. ಕಾರು ಅದಕ್ಕೆ ಬ್ಯಾಟರಿ ಕೊಟ್ಟಿತ್ತು, ತಗಡಿನ ಮೈ ಕೊಟ್ಟಿತ್ತು, ಛಾವಣಿಯ ಮೇಲೆ ಏರಿಯಲ್ ಕೊಟ್ಟಿತ್ತು, ಸ್ಪೀಕರಿಗೆ ಬಾಗಿಲಿನ ಟೊಳ್ಳು ಕೊಟ್ಟಿತ್ತು, ಆರಿಸಲು ಬೀಗದ ಕೈ ಕೊಟ್ಟಿತ್ತು. ಅದನ್ನು ತೋಟಕ್ಕೆ ತರುವುದೆಂದರೆ ಇವೆಲ್ಲವನ್ನೂ ನಾವು ಮತ್ತೆ ಕೊಡಬೇಕು. ಇದು ತಲೆಗೆ ಹೋದರೆ ಅರ್ಧ ಕೆಲಸ ಮುಗಿದ ಹಾಗೆ. ಇದನ್ನು ಮರೆತವರು ಬ್ಯಾಟರಿಗೆ ಎರಡು ತಂತಿ ಚುಚ್ಚಿ, ಬರೀ ಸೊಯ್ಯೆನ್ನುವುದನ್ನು ಕೇಳಿ, ಸೆಟ್ಟು ಕೆಟ್ಟಿದೆ ಎಂದು ಬಿಸಾಡುತ್ತಾರೆ.

ಗುಜರಿಯಲ್ಲಿ ಕೀಳುವವರು ಸೆಟ್ಟಿನ ಹಿಂದಿನ ತಂತಿಗಳನ್ನು ಬುಡಕ್ಕೇ ಕತ್ತರಿಸುತ್ತಾರೆ. ಆ ಜುಟ್ಟನ್ನು ಉಳಿಸಿ ಕೊಡಲು ಮೊದಲೇ ಹೇಳಿ. ಬಣ್ಣ ನೋಡಿಯೇ ಕೆಲಸ ನಡೆಯುವುದು. ಅಂಗಡಿಯಲ್ಲಿ ಕೊಂಡು ಹಾಕಿಸಿದ ಬಹುತೇಕ ಸೆಟ್ಟುಗಳಲ್ಲಿ ಹಳದಿ ತಂತಿ ಬ್ಯಾಟರಿಗೆ ಸದಾ ಅಂಟಿಕೊಂಡಿರುವ ಪ್ಲಸ್ಸು. ಗಡಿಯಾರ, ಸ್ಟೇಷನ್ನುಗಳ ನೆನಪು ಅದರಲ್ಲಿ. ಕೆಂಪು, ಬೀಗದ ಕೈ ತಿರುಗಿಸಿದಾಗ ಬರುವ ಪ್ಲಸ್ಸು. ಕಪ್ಪು ಮೈನಸ್ಸು. ಬಿಳಿ, ಬೂದು, ಹಸಿರು, ನೇರಳೆಯ ಜೋಡಿಗಳು ನಾಲ್ಕು ಸ್ಪೀಕರಿಗೆ; ಪ್ರತಿ ಜೋಡಿಯಲ್ಲೂ ಕಪ್ಪು ಗೆರೆಯದು ಮೈನಸ್ಸು. ನೀಲಿ ತಂತಿ ತಾನಾಗಿ ಏಳುವ ಏರಿಯಲ್ಲಿಗೆ. ನಮಗೆ ಬೇಡ, ತುದಿಗೆ ಟೇಪು ಸುತ್ತಿ ಮಡಚಿಡಿ. ಕಾರಿನ ಕಂಪನಿಯೇ ಕೂರಿಸಿದ ಸೆಟ್ಟುಗಳಲ್ಲಿ ಬಣ್ಣ ಬೇರೆ ಇರಬಹುದು, ಮೇಲಿನ ಚೀಟಿ ನೋಡಬೇಕು. ತಂತಿ ಕಿತ್ತ ಮೇಲೆ ಕೋಡ್ ಕೇಳುವ ಸೆಟ್ಟುಗಳೂ ಇವೆ. ಕೋಡ್ ಇಲ್ಲದಿದ್ದರೆ ಅವು ಕಲ್ಲು. ಕಾರಿನ ಕಂಪ್ಯೂಟರ್ ಜೊತೆ ಮಾತಾಡಿಕೊಂಡೇ ನಡೆಯುವ ಈಚಿನ ಟಚ್‌ಸ್ಕ್ರೀನ್ ಸೆಟ್ಟುಗಳ ತಂಟೆಗೆ ಹೋಗಬೇಡಿ.

ಹಳದಿ, ಕೆಂಪು ಎರಡನ್ನೂ ಸೇರಿಸಿ ಪ್ಲಸ್ಸಿಗೆ ಕೊಟ್ಟರೆ ಸೆಟ್ಟು ನಡೆಯುತ್ತದೆ. ಆದರೆ ಹಳದಿ ತಂತಿ ಸದಾ ಹೀರುತ್ತಲೇ ಇರುತ್ತದೆ. ಐದು ಮಿಲಿಆಂಪಿಯರ್ ಎಂದಿಟ್ಟುಕೊಂಡರೂ ದಿನಕ್ಕೆ 0.12 ಆಂಪಿಯರ್ ಅವರ್. ಯುಪಿಎಸ್‌ನಲ್ಲಿ ಬಳಸುವ 7 ಆಂಪಿಯರ್ ಅವರಿನ ಬ್ಯಾಟರಿ ಎರಡು ತಿಂಗಳೊಳಗೆ, ರೇಡಿಯೊ ಒಮ್ಮೆಯೂ ಹಾಡದೆ, ಬರಿದಾಗಿ ಸಾಯುತ್ತದೆ. ಸುಗ್ಗಿಯ ಗಡಿಬಿಡಿಯಲ್ಲಿ ಮರೆತು ಮೂಲೆಯಲ್ಲಿಟ್ಟ ಡಬ್ಬಿ ಹೀಗೇ ಸತ್ತದ್ದನ್ನು ನೋಡಿದ್ದೇನೆ. ಎರಡನ್ನೂ ಒಟ್ಟಿಗೆ ಆರಿಸುವ ಒಂದು ಸ್ವಿಚ್ಚು ಹಾಕಿ. ಗಡಿಯಾರ ಸೊನ್ನೆಯಿಂದ ಶುರುವಾಗುತ್ತದೆ; ತೋಟದಲ್ಲಿ ಗಡಿಯಾರಕ್ಕೆ ಕೊರತೆಯಿಲ್ಲ.

ಬ್ಯಾಟರಿಯ ಲೆಕ್ಕ ಸರಳ. ಹದವಾದ ದನಿಯಲ್ಲಿ ಇಂಥ ಸೆಟ್ಟು ಅರ್ಧ ಆಂಪಿಯರ್ ಆಸುಪಾಸಿನಲ್ಲಿ ಹೀರುತ್ತದೆ. ಸೀಸದ ಬ್ಯಾಟರಿಯನ್ನು ಅರ್ಧಕ್ಕಿಂತ ಕೆಳಗೆ ಇಳಿಸಿದರೆ ಅದರ ಆಯಸ್ಸು ಇಳಿಯುತ್ತದೆ. 7ರಲ್ಲಿ ಅರ್ಧ ಮೂರೂವರೆ. ಅಂದರೆ ಏಳು ಗಂಟೆ. ಒಂದು ಪಾಳಿಗೆ ಸರಿಯಾಯಿತು. ಪೂರ್ತಿ ತುಂಬಿದ ಬ್ಯಾಟರಿ ತಣ್ಣಗಿದ್ದಾಗ 12.7 ವೋಲ್ಟ್ ತೋರಿಸುತ್ತದೆ, ಅರ್ಧಕ್ಕೆ ಬಂದಾಗ 12.2. ನೂರಿನ್ನೂರು ರೂಪಾಯಿಯ ಮಲ್ಟಿಮೀಟರ್ ಇದ್ದರೆ ಸಾಕು. ಟ್ರ್ಯಾಕ್ಟರಿನ ಸೆಲ್ಫ್ ಹೊಡೆಯಲಾಗದೆ ಮೂಲೆ ಸೇರಿದ ಬ್ಯಾಟರಿ ಕೂಡ ರೇಡಿಯೊಗೆ ಧಾರಾಳವಾಗುತ್ತದೆ. ಇಂಜಿನ್ ತಿರುಗಿಸಲು ಒಂದು ಕ್ಷಣಕ್ಕೆ ನೂರಾರು ಆಂಪಿಯರ್ ಬೇಕು, ಹಾಡಲು ಅರ್ಧ ಸಾಕು. ಮೋಟರ್ ಮನೆಯಲ್ಲಿ ಅಂಥದ್ದನ್ನು ಇಟ್ಟು, ಎತ್ತಿಕೊಂಡು ಹೋಗುವಾಗ ಮಾತ್ರ ಸಣ್ಣದನ್ನು ಹಾಕಿಕೊಳ್ಳುವುದು ನನ್ನ ರೂಢಿ. ನೀರು ಹಾಕುವ ಬ್ಯಾಟರಿಯನ್ನು ಸೆಟ್ಟಿನ ಜೊತೆ ಒಂದೇ ಡಬ್ಬಿಯಲ್ಲಿ ಮುಚ್ಚಿಡಬಾರದು. ಚಾರ್ಜಾಗುವಾಗ ಏಳುವ ಹೈಡ್ರೋಜನ್ ಹೊತ್ತಿಕೊಳ್ಳುವ ಅನಿಲ, ಅದರ ಜೊತೆಯ ಆಸಿಡ್ ತೇವ ಸೆಟ್ಟನ್ನೇ ತಿಂದುಹಾಕುತ್ತದೆ. ಬ್ಯಾಟರಿಯ ಪ್ಲಸ್ಸಿನ ಬುಡದಲ್ಲೇ ಒಂದು ಫ್ಯೂಸು ಹಾಕುವುದನ್ನು ಯಾವ ಕಾರಣಕ್ಕೂ ಬಿಡಬೇಡಿ; ತಂತಿ ತಗಡಿಗೆ ತಾಗಿದರೆ ಅಷ್ಟು ಪುಟ್ಟ ಬ್ಯಾಟರಿಯೇ ತಂತಿಯನ್ನು ಕೆಂಡ ಮಾಡಬಲ್ಲದು.

ಚಾರ್ಜಿಗೆ 20 ವ್ಯಾಟಿನ ಸೋಲಾರ್ ಪ್ಯಾನೆಲ್ ಒಂದು, ಕಂಟ್ರೋಲರ್ ಒಂದು. ಚೆನ್ನಾದ ಬಿಸಿಲಲ್ಲಿ ಗಂಟೆಗೆ ಒಂದು ಆಂಪಿಯರ್ ಅವರಿನಷ್ಟು ತುಂಬುತ್ತದೆ. ನಾಲ್ಕೈದು ಗಂಟೆಯಲ್ಲಿ ರಾತ್ರಿಯದು ತೀರುತ್ತದೆ. ಆದರೆ ತೆಂಗಿನ ತೋಟದ ಬಿಸಿಲು ಕೋಲುಬಿಸಿಲು. ಒಂದು ಗರಿಯ ನೆರಳು ಅಡ್ಡ ಬಿದ್ದರೂ ಇಡೀ ಪ್ಯಾನೆಲ್ಲಿನ ಕರೆಂಟು ಕುಸಿಯುತ್ತದೆ, ಯಾಕೆಂದರೆ ಒಳಗಿನ ಬಿಲ್ಲೆಗಳೆಲ್ಲ ಸರಪಳಿಯಂತೆ ಒಂದಕ್ಕೊಂದು ಪೋಣಿಸಿಕೊಂಡಿವೆ. ಮೋಟರ್ ಮನೆಯ ಛಾವಣಿ, ಇಲ್ಲವೇ ಕೊಬ್ಬರಿ ಒಣಗಿಸುವ ಬಯಲು ಕಣವೇ ಸರಿ.

ಮನೆಯಲ್ಲಿ ಕರೆಂಟಿಗೇ ಹಚ್ಚುತ್ತೇನೆ ಎಂದು ಸಿಸಿ ಕ್ಯಾಮೆರಾದ 12 ವೋಲ್ಟ್ ಅಡಾಪ್ಟರ್ ಸಿಕ್ಕಿಸುವವರಿದ್ದಾರೆ. ಎಫ್.ಎಂ.ಗೆ ನಡೆಯುತ್ತದೆ. 612ಕ್ಕೆ ಬಂದರೆ ಜೀರುಂಡೆಯ ಗೂಡು ಕೆದಕಿದಂತೆ ಸದ್ದು. ಅಡಾಪ್ಟರ್ ಒಳಗೆ ಕರೆಂಟು ಸೆಕೆಂಡಿಗೆ ಹತ್ತಾರು ಸಾವಿರ ಸಲ ಕಡಿದು ಕೂಡುತ್ತದೆ, ಆ ಕಡಿತದ ಸದ್ದೇ ಮೀಡಿಯಂ ವೇವಿನ ಮೇಲೆಲ್ಲ ಹರಡಿಕೊಳ್ಳುತ್ತದೆ. ಬ್ಯಾಟರಿಯಷ್ಟು ನಿಶ್ಶಬ್ದವಾದ ಆಹಾರ ರೇಡಿಯೊಗೆ ಇನ್ನೊಂದಿಲ್ಲ.

ಏರಿಯಲ್ಲಿನ ವಿಷಯದಲ್ಲೇ ಬಹಳ ಜನ ಸೋಲುವುದು. ಕೈಯಲ್ಲಿ ಹಿಡಿಯುವ ಟ್ರಾನ್ಸಿಸ್ಟರಿನ ಹೊಟ್ಟೆಯಲ್ಲಿ ತಂತಿ ಸುತ್ತಿದ ಕಪ್ಪು ಫೆರೈಟ್ ಕಡ್ಡಿ ಇರುತ್ತದೆ. ಮೀಡಿಯಂ ವೇವಿಗೆ ಅದೇ ಏರಿಯಲ್. ಕಾರಿನ ಸೆಟ್ಟಿನಲ್ಲಿ ಅದಿಲ್ಲ. ಸುತ್ತ ತಗಡಿನ ಡಬ್ಬಿ ಇರುವುದರಿಂದ ಒಳಗಿಟ್ಟರೂ ಅದಕ್ಕೆ ಏನೂ ಕೇಳದು. ಹಾಗಾಗಿ ಹಿಂದಿನ ತೂತಿಗೆ ಹೊರಗಿನ ಏರಿಯಲ್ ಸಿಕ್ಕಿಸಲೇಬೇಕು. ಎಫ್.ಎಂ.ಗೆ 75 ಸೆಂಟಿಮೀಟರಿನ ಒಂದು ಕಡ್ಡಿ ಸಾಕು. ಅಲೆ ಮೂರು ಮೀಟರ್, ಅದರ ಕಾಲು ಭಾಗ. ಆದರೆ ಆ ಕಡ್ಡಿಯ ಕಾಲಡಿ ತಗಡು ಹರಡಿರಬೇಕು. ಕಾರಿನ ಮೈ ಮಾಡುತ್ತಿದ್ದ ಕೆಲಸ ಅದು. ನಾನು ಸೆಟ್ಟನ್ನು ಕೂರಿಸಿದ್ದು ಅಜ್ಜಿಯ ಕಾಲದ ತಗಡಿನ ಟ್ರಂಕಿನಲ್ಲಿ. ಕಡ್ಡಿ ಅದರ ಮುಚ್ಚಳದ ಮೇಲೆ ನಿಂತಿದೆ. ಕಾರಿನ ಛಾವಣಿಯ ಬದಲು ಟ್ರಂಕಿನ ಮುಚ್ಚಳ.

ಮೀಡಿಯಂ ವೇವಿಗೆ ಮೂರು ನಾಲ್ಕು ಮೀಟರಿನ ತಂತಿಯನ್ನು ತೆಂಗಿನ ಮರಕ್ಕೆ ಕಟ್ಟಿ, ತುದಿಯನ್ನು ಏರಿಯಲ್ ಪಿನ್ನಿನ ನಡುವಿನ ಕಡ್ಡಿಗೆ ಕೊಡುತ್ತೇನೆ. ಕಟ್ಟುವುದು ನಾರಿನ ಹಗ್ಗದಲ್ಲಿ, ಮೊಳೆಯಲ್ಲಿ ಅಲ್ಲ. ತೆಂಗಿಗೆ ಗಾಯ ಮಾಡಿದರೆ ಕೆಂಪು ಮೂತಿ ಹುಳು ಅಲ್ಲೇ ಮೊಟ್ಟೆ ಇಡುತ್ತದೆ. ಒಂದು ರೇಡಿಯೊಗಾಗಿ ಐವತ್ತು ವರ್ಷದ ಮರ ಕಳೆದುಕೊಳ್ಳುವುದು ಯಾವ ನ್ಯಾಯ? ಟ್ರಂಕಿನ ಮೈಗೆ ಇನ್ನೊಂದು ತಂತಿ ಬೆಸೆದು ಕಬ್ಬಿಣದ ಸರಳೊಂದಕ್ಕೆ ಕಟ್ಟಿ, ನೀರುಂಡ ತೆಂಗಿನ ಪಾತಿಯಲ್ಲಿ ಒಂದೂವರೆ ಅಡಿ ಇಳಿಸಿದರೆ ಅರ್ಥಿಂಗ್ ಆಯಿತು. ಹಸಿ ನೆಲಕ್ಕೆ ಕಾಲೂರಿದ ಮರುಗಳಿಗೆಯೇ ಸ್ಟೇಷನ್ ಗಟ್ಟಿಯಾಗುವುದನ್ನು ಕೇಳುವುದು ಒಂದು ಸಂತೋಷ. ಕೊಳವೆಬಾವಿಯ ಪೈಪಿಗೆ ಮಾತ್ರ ಕಟ್ಟಬೇಡಿ. ಮೋಟರಿನಲ್ಲಿ ಲೀಕೇಜ್ ಇದ್ದರೆ ಆ ಕರೆಂಟು ರೇಡಿಯೊದ ಮೈಗೂ ಬರುತ್ತದೆ. ಹಳೆಯ ಸೆಟ್ಟಿನ ಏರಿಯಲ್ ತೂತಿನ ಪಕ್ಕ ಒಂದು ಸಣ್ಣ ಟ್ರಿಮ್ಮರ್ ಸ್ಕ್ರೂ ಇರುತ್ತದೆ. ಡಯಲಿನ ಮೇಲ್ತುದಿಯಲ್ಲಿ, 1400ರ ಆಸುಪಾಸು, ಒಂದು ಕ್ಷೀಣ ಸ್ಟೇಷನ್ ಹಿಡಿದು, ದನಿ ಅತಿ ಹೆಚ್ಚಾಗುವವರೆಗೆ ಅದನ್ನು ಮೆಲ್ಲಗೆ ತಿರುಗಿಸಬೇಕು. ಕಾರಿನ ಏರಿಯಲ್ಲಿಗೆ ಒಗ್ಗಿದ್ದ ಸೆಟ್ಟು ನಿಮ್ಮ ತಂತಿಗೆ ಒಗ್ಗುವುದು ಆಗ.

ಗುಡುಗು ಕೇಳಿದರೆ ತಂತಿ ಬಿಚ್ಚಿ ಕೆಳಗೆ ಹಾಕಿ, ಮರದಿಂದ ದೂರ ಸರಿಯಿರಿ. ಏಪ್ರಿಲ್, ಮೇ ತಿಂಗಳ ಮಳೆಯಲ್ಲಿ ಸಿಡಿಲಿಗೆ ತುದಿ ಸುಟ್ಟ ತೆಂಗು ನಮ್ಮಲ್ಲಿ ಯಾವ ಊರಲ್ಲಿಲ್ಲ?

ಸ್ಪೀಕರಿನಲ್ಲಿ ನಾನೇ ತಪ್ಪು ಮಾಡಿದೆ, ಅದನ್ನು ಹೇಳಲೇಬೇಕು. ಹಳೆಯ ಸೆಟ್ಟುಗಳಲ್ಲಿ, ಟಿಬಿಎ 810 ಥರದ ಐಸಿ ಇದ್ದ ಕಾಲದಲ್ಲಿ, ಸ್ಪೀಕರಿನ ಒಂದು ತಂತಿ ಬಾಡಿಗೇ ಹೋಗುತ್ತಿತ್ತು. ಅದೇ ನೆನಪಿನಲ್ಲಿ ನನ್ನ ಮೊದಲ ಸೆಟ್ಟಿನ ಸ್ಪೀಕರ್ ಮೈನಸ್ಸನ್ನು ಟ್ರಂಕಿನ ತಗಡಿಗೆ ಕೊಟ್ಟೆ. ಆಮೇಲಿನ ಸೆಟ್ಟುಗಳಲ್ಲಿ ಸ್ಪೀಕರಿನ ಎರಡೂ ತಂತಿಯಲ್ಲಿ ವೋಲ್ಟೇಜು ಇರುತ್ತದೆ, ಎರಡು ಆಂಪ್ಲಿಫೈಯರು ಎದುರುಬದುರು ನಿಂತು ಒಂದೇ ಸ್ಪೀಕರನ್ನು ತಳ್ಳಿ ಎಳೆಯುತ್ತವೆ. ಒಂದನ್ನು ಬಾಡಿಗೆ ಕೊಟ್ಟರೆ ಐಸಿ ಸುಡುತ್ತದೆ. ಸುಟ್ಟಿತು. ಒಳ್ಳೆಯ ಸೆಟ್ಟೊಂದು ನನ್ನ ಕೈಯಲ್ಲೇ ಹೋಯಿತೆಂಬ ನೋವು ಇನ್ನೂ ಇದೆ. ಸ್ಪೀಕರಿನ ಎರಡೂ ತಂತಿಯನ್ನು ಸೆಟ್ಟಿನಿಂದ ನೇರ ಸ್ಪೀಕರಿಗೇ ಒಯ್ಯಿರಿ, ನಾಲ್ಕು ಓಮಿನದೇ ಇರಲಿ. ‘50 ವ್ಯಾಟ್ × 4’ ಎಂಬ ಚೀಟಿಯನ್ನು ನಂಬಬೇಕಾಗಿಲ್ಲ; 12 ವೋಲ್ಟಿನಲ್ಲಿ ನಿಜಕ್ಕೂ ಸಿಗುವುದು ಅದರಲ್ಲಿ ಕಾಲು ಭಾಗ, ತೋಟಕ್ಕೆ ಅದೇ ಹೆಚ್ಚು.

ಕಾರಿನ ಬಾಗಿಲಿನ ಟೊಳ್ಳಿನ ಬದಲು ಟ್ರಂಕಿನ ಟೊಳ್ಳು. ಆರಂಭದಲ್ಲಿ ತಗಡು ಗಡಗಡ ಎಂದಿತು. ಒಳಗೋಡೆಗೆ ನಾರಿನ ಮ್ಯಾಟು ಅಂಟಿಸಿ, ಉಳಿದ ಜಾಗಕ್ಕೆ ಬಿಡಿಸಿದ ತೆಂಗಿನ ನಾರನ್ನು ಹತ್ತಿ ಬಟ್ಟೆಯಲ್ಲಿ ಸುತ್ತಿ ತುಂಬಿದೆ. ದನಿ ಹೊಟ್ಟೆಯಿಂದ ಬಂದ ಹಾಗೆ ದಪ್ಪಗಾಯಿತು. ಗೋಡೆಗೆ ಬಡಿದು ಮರಳುವ ಸದ್ದನ್ನು ನಾರು ನುಂಗುತ್ತದೆ. ನಮ್ಮಲ್ಲಿ ಬೇಲಿಯಾಚೆ ಸಿಗುವ ವಸ್ತು. ಸೆಟ್ಟಿನ ಹಿಂಭಾಗದ ಅಲ್ಯೂಮಿನಿಯಂ ರೆಕ್ಕೆಗಳು ಬಿಸಿಯಾಗುತ್ತವೆ. ಆ ಕಡೆ ಮಾತ್ರ ನಾರು ತುಂಬದೆ ಗಾಳಿಗೆ ತೂತು ಬಿಡಬೇಕು. ಕ್ಯಾಸೆಟ್ಟಿನ ಡೆಕ್ಕಿನ ಬೆಲ್ಟು ಹೇಗೂ ಅಂಟಾಗಿ ಕರಗಿರುತ್ತದೆ. ಅದನ್ನು ಬಿಚ್ಚಿ ತೆಗೆದರೆ ಭಾರವೂ ಇಳಿಯುತ್ತದೆ.

ಹುಡುಕಿ ಕೊಳ್ಳುವವರಿಗೆ ಎರಡು ಮಾತು. ಬೆಂಗಳೂರಿನ ಸಂಡೇ ಬಜಾರ್, ಶಿವಾಜಿನಗರದ ಗುಜರಿ ಸಾಲುಗಳಲ್ಲಿ ಜಪಾನಿನ ಸೆಟ್ಟುಗಳು ಚಂದ ಹೊಳೆಯುತ್ತವೆ. ಆ ದೇಶದೊಳಗಿನ ಬಳಕೆಗೆಂದು ಮಾಡಿದ್ದಾದರೆ ಎಫ್.ಎಂ. 76ರಿಂದ 90ರವರೆಗೆ ಮಾತ್ರ. ನಮ್ಮ ಸ್ಟೇಷನ್ನುಗಳು ಅದರ ಮೇಲೆ. ಅಮೆರಿಕದ ಸೆಟ್ಟು ಮೀಡಿಯಂ ವೇವಿನಲ್ಲಿ ಹತ್ತತ್ತು ಹೆಜ್ಜೆ ಹಾಕುತ್ತದೆ. 610ರಲ್ಲಿ ನಿಲ್ಲುತ್ತದೆ, ಮುಂದಿನ ಹೆಜ್ಜೆ 620ಕ್ಕೆ. ನಮ್ಮ 612 ಅದರ ಕಾಲಿನ ಸಂದಿಯಲ್ಲಿ ಬಿದ್ದುಹೋಗುತ್ತದೆ. ಜಿನೀವಾ ಒಪ್ಪಂದದಂತೆ 1978ರ ನವೆಂಬರ್ 23ರಿಂದ ಯುರೋಪು, ಆಫ್ರಿಕಾ, ಏಷ್ಯಾದ ಮೀಡಿಯಂ ವೇವ್ ಒಂಬತ್ತರ ಮಗ್ಗಿಯ ಮೇಲೆ ನಡೆಯುತ್ತದೆ. 612, 675, 765 ಯಾವುದನ್ನಾದರೂ ಒಂಬತ್ತರಿಂದ ಭಾಗಿಸಿ ನೋಡಿ, ಶೇಷ ಉಳಿಯದು. ಒಂಬತ್ತಕ್ಕೂ ಹತ್ತಕ್ಕೂ ಬದಲಾಯಿಸುವ ಸ್ವಿಚ್ಚು ಕೆಲವು ಸೆಟ್ಟಿನ ತಳದಲ್ಲಿರುತ್ತದೆ. ಹತ್ತು ಹದಿನೈದು ವರ್ಷದಿಂದೀಚಿನ ಅಗ್ಗದ ಯುಎಸ್‌ಬಿ ಸೆಟ್ಟುಗಳಲ್ಲಿ ಮೀಡಿಯಂ ವೇವೇ ಇಲ್ಲ. ಹಾಗಾಗಿ ನಮ್ಮ ಸೀಮೆಗೆ ಹಳೆಯದೇ ಮೇಲು.

ನನ್ನ ಟ್ರಂಕು ಈಗ ಎರಡು ಕಡೆ ದುಡಿಯುತ್ತದೆ. ಹಗಲು ಕೊಬ್ಬರಿ ಶೆಡ್ಡಿನಲ್ಲಿ. ಹತ್ತಿರ ಹತ್ತಿರ ಒಂದು ವರ್ಷ ಅಟ್ಟದ ಮೇಲೆ ಒಣಗಿ, ಒಳಗೆ ಗಿಟಕು ಗಡಗಡ ಎನ್ನುವ ಕಾಯಿಗಳನ್ನು ಸುಲಿಯುವ ಹೆಂಗಸರಿಗೆ ಯಾವ ಹೊತ್ತಿಗೆ ಯಾವ ಸ್ಟೇಷನ್ ಬೇಕೆಂದು ನನಗಿಂತ ಚೆನ್ನಾಗಿ ಗೊತ್ತು. ವಾಲ್ಯೂಮಿನ ಗುಂಡಿಯ ಮೇಲೆ ಸಿಪ್ಪೆಯ ಕಂದು ಪುಡಿ ಮೆತ್ತಿದೆ, ಸೆಟ್ಟು ಅದನ್ನು ಲೆಕ್ಕಕ್ಕಿಟ್ಟಿಲ್ಲ. ರಾತ್ರಿ ತೋಟದಲ್ಲಿ ಚಿಕ್ಕಪ್ಪನ ಜೊತೆ.

ಚಿಕ್ಕಪ್ಪನಿಗೆ ಮೀಡಿಯಂ ವೇವೇ ಆಗಬೇಕು. ಹಾಡಿನ ಆಸೆಗಲ್ಲ. ಪಾಳಿಯ ಹೊತ್ತು ಹೆಚ್ಚುಕಡಿಮೆ ಆಗುವ ದಿನಗಳಲ್ಲಿ ಕರೆಂಟು ಯಾವಾಗ ಬರುತ್ತದೆಂದು ಸ್ಟಾರ್ಟರಿನ ಬಲ್ಬನ್ನೇ ನೋಡುತ್ತ ಕೂರಬೇಕಾಗುತ್ತಿತ್ತು. ತೋಟಗಳ ಲೈನು ಊರಿನ ಲೈನಿನಿಂದ ಬೇರೆಯಾದ ಮೇಲೆ, ಪಾಳಿ ಬರುವವರೆಗೆ ತೋಟದ ಮೇಲಿನ ತಂತಿಗಳು ಸತ್ತಂತಿರುತ್ತವೆ. ಆಗ ರೇಡಿಯೊ ತಿಳಿಯಾಗಿ ಕೇಳುತ್ತದೆ. ತಂತಿಗೆ ಜೀವ ಬಂದೊಡನೆ ಪಿಂಗಾಣಿ ಬಿಲ್ಲೆಗಳ ಧೂಳಿನಲ್ಲಿ, ಸಡಿಲ ಕಟ್ಟುಗಳಲ್ಲಿ ಸಣ್ಣ ಸಣ್ಣ ಕಿಡಿ ಹಾರುತ್ತವೆ. ಕಣ್ಣಿಗೆ ಕಾಣದ್ದು ಮೀಡಿಯಂ ವೇವಿನ ಕಿವಿಗೆ ಬೀಳುತ್ತದೆ. ಧಾರವಾಡದ ದನಿಯ ಕೆಳಗೆ ಒಂದು ಗುಂಯ್ ಎನ್ನುವ ಸದ್ದು ಬಂದು ಕೂರುತ್ತದೆ.

ಮೊನ್ನೆ ರಾತ್ರಿ ನನಗೆ ಜೊಂಪು ಹತ್ತಿತ್ತು. ಚಿಕ್ಕಪ್ಪ ಕಂಬಳಿ ಎಳೆದು ಎಬ್ಬಿಸಿದರು.

“ಏಳ್ಲಾ, ಕರೆಂಟು ಬಂತು. ರೇಡಿಯೊ ಹೇಳ್ತೈತೆ ಕೇಳಲ್ಲಿ.”

ಎದ್ದು ಸ್ಟಾರ್ಟರಿನ ಹಸಿರು ಗುಂಡಿ ಒತ್ತಿದೆ. ನೆಲದ ಆಳದಿಂದ ನೀರು ಮೇಲೇರಿ ಪೈಪು ಒಮ್ಮೆ ಕೆಮ್ಮಿತು. ಚಿಕ್ಕಪ್ಪ ಟ್ರಂಕನ್ನು ಎತ್ತಿಕೊಂಡು ಬದುವಿನ ಆ ತುದಿಗೆ, ಲೈನಿನಿಂದ ದೂರ, ಮಾತು ತಿಳಿಯಾಗಿ ಕೇಳುವ ಕಡೆಗೆ ನಡೆದರು.